ಆಂಟನಿ ಬೋರ್ಡೇನ್: ಒಲೆಯ ಮುಂದೆ ಕಲಿತ ನಿಷ್ಠುರ ಮಾತು

ಆಂಟನಿ ಬೋರ್ಡೇನ್ ಅಮೆರಿಕದ ಬಾಣಸಿಗ, ಲೇಖಕ, ಟಿ.ವಿ. ನಿರೂಪಕ. 1956ರ ಜೂನ್ 25ರಂದು ನ್ಯೂಯಾರ್ಕ್ ನಗರದಲ್ಲಿ ಹುಟ್ಟಿದ ಅವರು ಹರೆಯದಿಂದ ನಡುವಯಸ್ಸಿನವರೆಗೆ ಹೋಟೆಲುಗಳ ಒಲೆಯ ಮುಂದೆ ದುಡಿದರು. 44ರ ಹೊತ್ತಿಗೆ ಒಂದೇ ಪುಸ್ತಕದಿಂದ ಲೋಕಕ್ಕೆ ಪರಿಚಿತರಾದರು. ಆಮೇಲಿನ ವರ್ಷಗಳನ್ನೆಲ್ಲ ದೇಶದೇಶಗಳ ಊಟ ಉಣ್ಣುತ್ತ, ಅನಿಸಿದ್ದನ್ನು ಮುಚ್ಚಿಡದೆ ಹೇಳುತ್ತ ಕಳೆದರು. 2018ರ ಜೂನ್ 8ರಂದು ತೀರಿಕೊಂಡಾಗ ಅವರಿಗೆ 61 ವರ್ಷ. ವಿಮರ್ಶಕ ಎಂಬ ಹೆಸರನ್ನು ಅವರು ಒಪ್ಪಿಕೊಳ್ಳುತ್ತಿರಲಿಲ್ಲ. ಆದರೂ ಟಿ.ವಿ.ಯಲ್ಲಿ ಆಹಾರದ ಮಾತು ಹೊಗಳಿಕೆಯನ್ನು ದಾಟಿ ವಿಮರ್ಶೆಯಾಗಬಲ್ಲದು ಎಂಬುದಕ್ಕೆ ಅವರಷ್ಟು ಸ್ಪಷ್ಟವಾದ ಉದಾಹರಣೆ ಸಿಗುವುದು ಕಷ್ಟ. ನಿಷ್ಠುರ ಮಾತಿಗೆ ತೂಕ ಬರಬೇಕಾದರೆ ಆಡುವವರಿಗೆ ಆ ಕಸುಬು ಗೊತ್ತಿರಬೇಕು, ಮಾತು ಬಲವುಳ್ಳವರ ಕಡೆಗೆ ತಿರುಗಿರಬೇಕು. ಬೋರ್ಡೇನ್ ಅವರ ಬದುಕಿನಲ್ಲಿ ಈ ಎರಡೂ ಇದ್ದುವು. ಇಲ್ಲದಿದ್ದ ಕಡೆ ಅವರ ಮಾತು ಸೋತದ್ದೂ ಉಂಟು.

ವಿಮರ್ಶಕರು ಮತ್ತು ಕ್ಯಾಮೆರಾ

ಹೋಟೆಲ್ ಊಟದ ವಿಮರ್ಶೆ ಹುಟ್ಟಿದ್ದು ಪ್ಯಾರಿಸ್ಸಿನಲ್ಲಿ. ಫ್ರಾನ್ಸಿನ ಕ್ರಾಂತಿಯ ನಂತರ ಶ್ರೀಮಂತರ ಅರಮನೆಗಳಲ್ಲಿ ಕೆಲಸ ಕಳೆದುಕೊಂಡ ಅನೇಕ ಅಡುಗೆಯವರು ಬೀದಿಗೆ ಬಂದು ಭೋಜನಶಾಲೆಗಳನ್ನು ತೆರೆದರು. ಎಲ್ಲಿ ಉಣ್ಣಬೇಕು ಎಂಬ ಪ್ರಶ್ನೆ ಹೊಸ ಗಿರಾಕಿಗಳಿಗೆ ಎದುರಾಯಿತು. ಅದಕ್ಕೆ ಉತ್ತರವಾಗಿ ಗ್ರಿಮೋ ದ ಲಾ ರೇನಿಯೇರ್ ಎಂಬವರು 1803ರಿಂದ ಭೋಜನಪ್ರಿಯರಿಗಾಗಿ ವಾರ್ಷಿಕ ಕೈಪಿಡಿಯೊಂದನ್ನು ಹೊರತರತೊಡಗಿದರು. ಅಮೆರಿಕದಲ್ಲಿ ಈ ಕೆಲಸಕ್ಕೆ ಶಿಸ್ತು ತಂದವರು 1957ರಲ್ಲಿ ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆಯ ಆಹಾರ ಸಂಪಾದಕರಾದ ಕ್ರೇಗ್ ಕ್ಲೇಬೋರ್ನ್. ಒಂದೇ ಹೋಟೆಲಿಗೆ ಹಲವು ಸಲ ಹೋಗಬೇಕು, ಬಿಲ್ಲನ್ನು ಪತ್ರಿಕೆಯೇ ಕಟ್ಟಬೇಕು, ವಿಮರ್ಶಕ ಯಾರೆಂದು ಮಾಲಕನಿಗೆ ತಿಳಿಯಬಾರದು ಎಂಬ ನಿಯಮಗಳು ಕ್ರಮೇಣ ದೊಡ್ಡ ಪತ್ರಿಕೆಗಳಲ್ಲಿ ನೆಲೆಯಾದುವು.

ಟಿ.ವಿ.ಗೆ ಈ ನಿಯಮಗಳು ಒಗ್ಗಲಿಲ್ಲ. ಕ್ಯಾಮೆರಾ ಹಿಡಿದು ಒಳಬಂದವರಿಂದ ಗುಟ್ಟು ಉಳಿಯುವುದಿಲ್ಲ. ಅವರಿಗಾಗಿ ವಿಶೇಷ ಅಡುಗೆ ಸಿದ್ಧವಾಗುತ್ತದೆ, ಮೇಜು ಒರೆಸಿ ಹೊಳೆಯುತ್ತದೆ, ಮಾಲಕರೇ ಬಡಿಸುತ್ತಾರೆ. ಕಾರ್ಯಕ್ರಮದ ಖರ್ಚು ಕೊಡುವ ಎಣ್ಣೆ, ಮಸಾಲೆ, ಕುಕ್ಕರುಗಳ ಕಂಪನಿಗಳಿಗೆ ಕಹಿ ಮಾತು ಬೇಡ. ಹಾಗಾಗಿ ಟಿ.ವಿ.ಯಲ್ಲಿ ಬೆಳೆದದ್ದು ಅಡುಗೆ ಕಲಿಸುವ ಪಾಠ. ಜೂಲಿಯಾ ಚೈಲ್ಡ್ 1963ರಲ್ಲಿ ಅಮೆರಿಕದ ಮನೆಮನೆಗೆ ಫ್ರೆಂಚ್ ಅಡುಗೆ ತಂದರು. 1993ರಲ್ಲಿ ಅಲ್ಲಿ ‘ಫುಡ್ ನೆಟ್‌ವರ್ಕ್’ ಎಂಬ ಪ್ರತ್ಯೇಕ ಚಾನೆಲ್ಲೇ ಶುರುವಾಯಿತು. ಅದೇ ವರ್ಷ ಭಾರತದಲ್ಲಿ ಸಂಜೀವ್ ಕಪೂರರ ‘ಖಾನಾ ಖಜಾನಾ’ ಝೀ ಟಿ.ವಿ.ಯಲ್ಲಿ ಬಂತು. ಕನ್ನಡದಲ್ಲಿ ‘ಒಗ್ಗರಣೆ ಡಬ್ಬಿ’, ‘ಬೊಂಬಾಟ್ ಭೋಜನ’ಗಳು ಬಂದವು. ಕಾಸರಗೋಡಿನ ಮನೆಗಳು ಇವುಗಳ ಜತೆಗೆ ಮಲಯಾಳದ ಅಡುಗೆ ಕಾರ್ಯಕ್ರಮಗಳನ್ನೂ ನೋಡಿದುವು. ಇವೆಲ್ಲ ಉಪಯೋಗದ ಕಾರ್ಯಕ್ರಮಗಳೇ. ಆದರೆ ಪ್ರತಿಯೊಂದರಲ್ಲೂ ಕೊನೆಗೆ ಚಮಚ ಬಾಯಿಗಿಟ್ಟವರು ಹೇಳುವ ಮಾತು ಒಂದೇ: ಬಹಳ ಚೆನ್ನಾಗಿದೆ. ಬೋರ್ಡೇನ್ ಮುರಿದದ್ದು ಈ ಪದ್ಧತಿಯನ್ನು.

ಪಾತ್ರೆ ತೊಳೆಯುವ ಕೆಲಸದಿಂದ

ಬೋರ್ಡೇನ್ ಬೆಳೆದದ್ದು ನ್ಯೂಜೆರ್ಸಿಯ ಲಿಯೋನಿಯಾ ಎಂಬ ಊರಿನಲ್ಲಿ. ತಂದೆ ಪಿಯರ್ ಸಂಗೀತದ ಧ್ವನಿಮುದ್ರಿಕೆಗಳ ಕಂಪನಿಯಲ್ಲಿ ಅಧಿಕಾರಿ, ತಾಯಿ ಗ್ಲಾಡಿಸ್ ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆಯಲ್ಲಿ ಪ್ರತಿ ತಿದ್ದುವ ಸಂಪಾದಕಿ. ತಂದೆಯ ಕಡೆಯ ಮೂಲ ಫ್ರಾನ್ಸ್. ಬಾಲ್ಯದಲ್ಲಿ ಕುಟುಂಬದೊಡನೆ ಅಲ್ಲಿಗೆ ಹೋಗಿದ್ದಾಗ ನೆರೆಯ ಮೀನುಗಾರರೊಬ್ಬರು ದೋಣಿಯಲ್ಲೇ ತೆರೆದುಕೊಟ್ಟ ಹಸಿ ಸಿಂಪಿಯನ್ನು ತಿಂದದ್ದು ತನ್ನ ಬದುಕಿನ ದಿಕ್ಕು ತಿರುಗಿಸಿತು ಎಂದು ಅವರು ಮುಂದೆ ಬರೆದರು.

ಓದಿನಲ್ಲಿ ಮನಸ್ಸು ನಿಲ್ಲಲಿಲ್ಲ. ವಾಸರ್ ಕಾಲೇಜನ್ನು ಎರಡು ವರ್ಷಕ್ಕೆ ಬಿಟ್ಟರು. ಕಾಲೇಜಿನ ಬೇಸಗೆ ರಜೆಯಲ್ಲಿ ಮ್ಯಾಸಚೂಸೆಟ್ಸ್‌ನ ಪ್ರಾವಿನ್ಸ್‌ಟೌನ್ ಎಂಬ ಕಡಲೂರಿನ ಮೀನೂಟದ ಹೋಟೆಲಿನಲ್ಲಿ ಪಾತ್ರೆ ತೊಳೆಯುವ ಕೆಲಸ ಸಿಕ್ಕಿತು. ಹೊತ್ತಿಗೆ ಸರಿಯಾಗಿ ಬರುವುದು, ಹೇಳಿದ್ದನ್ನು ಮಾಡುವುದು, ಮಾಡಿದ್ದಕ್ಕೆ ಜವಾಬ್ದಾರನಾಗುವುದು—ಬೇರೆಲ್ಲೂ ಕಲಿಯದ ಈ ಶಿಸ್ತನ್ನು ಆ ಕೆಲಸ ಕಲಿಸಿತು ಎಂಬುದು ಅವರು ಕೊನೆಯವರೆಗೂ ಹೇಳುತ್ತಿದ್ದ ಮಾತು. ಅಲ್ಲಿಂದ ‘ಕುಲಿನರಿ ಇನ್‌ಸ್ಟಿಟ್ಯೂಟ್ ಆಫ್ ಅಮೆರಿಕ’ ಎಂಬ ಅಡುಗೆ ಕಾಲೇಜಿಗೆ ಸೇರಿ 1978ರಲ್ಲಿ ಪದವಿ ಪಡೆದರು. ಮುಂದಿನ ಇಪ್ಪತ್ತು ವರ್ಷ ನ್ಯೂಯಾರ್ಕಿನ ಹೋಟೆಲಿನಿಂದ ಹೋಟೆಲಿಗೆ ಸಾಗಿದ ದುಡಿಮೆ.

ಆ ವರ್ಷಗಳು ಸುಖದವಲ್ಲ. 1980ರ ದಶಕದಲ್ಲಿ ಹೆರಾಯಿನ್ ಮತ್ತು ಕೊಕೇನ್ ಚಟಕ್ಕೆ ಬಿದ್ದರು. ಅದರಿಂದ ಹೊರಬರಲು ಬಹಳ ಕಷ್ಟಪಟ್ಟರು. ಬಾಡಿಗೆ ಬಾಕಿ, ತೆರಿಗೆ ಬಾಕಿ ಸದಾ ತಲೆಯ ಮೇಲಿತ್ತು. ನಡುವಯಸ್ಸಿನವರೆಗೂ ಉಳಿತಾಯವೆಂಬುದು ಇರಲಿಲ್ಲ ಎಂದು ಅವರೇ ಹೇಳಿಕೊಂಡಿದ್ದಾರೆ. ಇವೆಲ್ಲದರ ನಡುವೆ ಬರವಣಿಗೆಯೂ ನಡೆದಿತ್ತು. 1995ರಲ್ಲಿ ‘ಬೋನ್ ಇನ್ ದ ಥ್ರೋಟ್’, 1997ರಲ್ಲಿ ‘ಗಾನ್ ಬ್ಯಾಂಬೂ’ ಎಂಬ ಅಪರಾಧ ಕಾದಂಬರಿಗಳು ಬಂದವು. ಹೆಚ್ಚು ಜನ ಓದಲಿಲ್ಲ. 1998ರಲ್ಲಿ ಮ್ಯಾನ್‌ಹಟನ್ನಿನ ‘ಬ್ರಾಸರಿ ಲೇ ಆಲ್’ ಎಂಬ ಫ್ರೆಂಚ್ ಹೋಟೆಲಿನ ಮುಖ್ಯ ಬಾಣಸಿಗರಾದರು. ದೊಡ್ಡ ಪ್ರಶಸ್ತಿಗಳ ಹೋಟೆಲಲ್ಲ ಅದು. ಮಾಂಸದ ತುಂಡು ಹುರಿದು, ಆಲೂಗಡ್ಡೆ ಕರಿದು ನೂರಾರು ಜನರಿಗೆ ದಿನವೂ ಬಡಿಸುವ ಜಾಗ. ತಾನು ಮೇಧಾವಿ ಬಾಣಸಿಗನಲ್ಲ, ನಂಬಬಹುದಾದ ಕೆಲಸಗಾರ ಎಂದೇ ಅವರು ತಮ್ಮನ್ನು ಬಣ್ಣಿಸಿಕೊಂಡರು.

ಅಡುಗೆಮನೆಯ ಬಾಗಿಲು ತೆರೆದ ಬರಹ

1999ರ ಏಪ್ರಿಲಿನಲ್ಲಿ ‘ದ ನ್ಯೂಯಾರ್ಕರ್’ ವಾರಪತ್ರಿಕೆಯಲ್ಲಿ ಬೋರ್ಡೇನ್ ಅವರ ಲೇಖನವೊಂದು ಪ್ರಕಟವಾಯಿತು. ಉಣ್ಣುವ ಮೊದಲು ಇದನ್ನು ಓದಿಬಿಡಿ ಎಂಬರ್ಥದ ಶೀರ್ಷಿಕೆ. ಪತ್ರಿಕೆಗೆ ಅದನ್ನು ತಲುಪಿಸಲು ಒತ್ತಾಯಿಸಿದವರು ತಾಯಿ. ಆ ಲೇಖನವೇ ಬೆಳೆದು 2000ದಲ್ಲಿ ‘ಕಿಚನ್ ಕಾನ್ಫಿಡೆನ್ಷಿಯಲ್’ ಎಂಬ ಪುಸ್ತಕವಾಯಿತು.

ಗಿರಾಕಿಗಳಿಗೆ ಕಾಣದ ಅಡುಗೆಮನೆ ಹೇಗೆ ನಡೆಯುತ್ತದೆ ಎಂಬುದೇ ಅದರ ವಸ್ತು. ಸೋಮವಾರ ಹೋಟೆಲಿನಲ್ಲಿ ಮೀನು ತರಿಸಬೇಡಿ ಎಂಬ ಎಚ್ಚರಿಕೆ ಎಲ್ಲಕ್ಕಿಂತ ಪ್ರಸಿದ್ಧವಾಯಿತು. ಕಾರಣ ಸರಳ. ವಾರಾಂತ್ಯದ ವ್ಯಾಪಾರಕ್ಕೆಂದು ಬಾಣಸಿಗರು ಗುರುವಾರವೇ ಮೀನಿಗೆ ಹೇಳಿಟ್ಟಿರುತ್ತಾರೆ. ಶುಕ್ರವಾರ ಬಂದದ್ದರಲ್ಲಿ ಉಳಿದದ್ದು ಸೋಮವಾರದ ತಟ್ಟೆಗೆ ಬರುತ್ತದೆ. ಚೆನ್ನಾಗಿ ಬೇಯಿಸಿ ಎಂದು ಹೇಳುವವರಿಗೆ ಮಾಂಸದ ಕಳಪೆ ತುಂಡನ್ನು ಎತ್ತಿಡುವ ಅಭ್ಯಾಸ, ಒಂದು ಮೇಜಿನಲ್ಲಿ ಮುಟ್ಟದೆ ಉಳಿದ ಬ್ರೆಡ್ಡು ಇನ್ನೊಂದು ಮೇಜಿಗೆ ಹೋಗುವ ಬಗೆ, ಭಾನುವಾರದ ತಡತಿಂಡಿಗೆ ವಾರದ ಉಳಿಕೆಗಳು ಬಳಕೆಯಾಗುವುದು—ಒಂದೊಂದನ್ನೂ ಅವರು ಬಿಡಿಸಿ ಬರೆದರು. ಕಡಲ ದಂಡೆಯಲ್ಲಿ ಬದುಕುವ ಕಾಸರಗೋಡಿನವರಿಗೆ ಮೀನಿನ ಮಾತು ಹೊಸತಲ್ಲ. ಕೇರಳದಲ್ಲಿ ಜೂನ್ 9ರ ನಡುರಾತ್ರಿಯಿಂದ 52 ದಿನ ಟ್ರಾಲಿಂಗ್ ನಿಷೇಧ ಇರುವಾಗ ಮೀನು ಎಲ್ಲಿಂದ ಬಂತು, ಮಂಜುಗಡ್ಡೆಯಲ್ಲಿ ಎಷ್ಟು ದಿನ ಇತ್ತು ಎಂದು ವಿಚಾರಿಸಿಯೇ ಕೊಳ್ಳುವವರು ಇಲ್ಲಿದ್ದಾರೆ. ಅದೇ ವಿಚಾರಣೆಯನ್ನು ಬೋರ್ಡೇನ್ ನ್ಯೂಯಾರ್ಕಿನ ದುಬಾರಿ ಹೋಟೆಲುಗಳಿಗೆ ಒಯ್ದರು. ಮುಂದೆ ಮೀನಿನ ಸರಬರಾಜು ಸುಧಾರಿಸಿದಾಗ ಹಳೆಯ ಎಚ್ಚರಿಕೆಯ ಕಾಲ ಮುಗಿಯಿತು, ಸೋಮವಾರವೂ ಮೀನು ತಿನ್ನಬಹುದು ಎಂದು ಅವರೇ ಬಹಿರಂಗವಾಗಿ ಹೇಳಿದರು.

ಪುಸ್ತಕದ ಹೆಚ್ಚಿನ ಭಾಗ ಎಚ್ಚರಿಕೆಗಿಂತ ಮೆಚ್ಚುಗೆಗೇ ಮೀಸಲು. ಹೊತ್ತಿಗೆ ಮುಂಚೆ ಎಲ್ಲವನ್ನೂ ಹೆಚ್ಚಿ, ಅಳೆದು, ಕೈಗೆಟುಕುವಂತೆ ಜೋಡಿಸಿಟ್ಟುಕೊಳ್ಳುವ ಫ್ರೆಂಚ್ ಅಡುಗೆಯ ಪದ್ಧತಿಯನ್ನು ಅವರು ಬಹು ಗೌರವದಿಂದ ವರ್ಣಿಸುತ್ತಾರೆ. ಮದುವೆಮನೆಯಲ್ಲಿ ಹಿಂದಿನ ರಾತ್ರಿಯೇ ತರಕಾರಿ ಹೆಚ್ಚಿ, ಕಾಯಿ ತುರಿದು, ಮಸಾಲೆ ಹುರಿದಿಟ್ಟು ಬೆಳಗ್ಗೆ ಒಲೆ ಹೊತ್ತಿಸುವ ಅಡುಗೆ ಭಟ್ಟರ ಕ್ರಮದ ಹಾಗೆ, ಅಲ್ಲಿಯೂ ಸಿದ್ಧತೆಯೇ ಅರ್ಧ ಅಡುಗೆ. ಒಲೆಯ ಬಿಸಿ, ಸುಟ್ಟ ಕೈ, ಹದಿನಾಲ್ಕು ಗಂಟೆಯ ದುಡಿಮೆ, ಕೆಟ್ಟ ಬಾಯಿ, ಗಟ್ಟಿ ಸ್ನೇಹ—ಈ ಲೋಕವನ್ನು ಒಳಗಿನವರೇ ಬರೆದದ್ದರಿಂದ ಅಡುಗೆಯವರು ಪುಸ್ತಕವನ್ನು ತಮ್ಮದೆಂದುಕೊಂಡರು.

ಅಡುಗೆಮನೆಯನ್ನು ಗಿರಾಕಿಗೆ ತೋರಿಸುವ ವಿಚಾರ ಕರ್ನಾಟಕಕ್ಕೂ ಹೊಸತಾಗಿರಲಿಲ್ಲ. 1924ರಲ್ಲಿ ಶುರುವಾದ ಬೆಂಗಳೂರಿನ ಮಾವಳ್ಳಿ ಟಿಫಿನ್ ರೂಮ್ಸ್‌ನ ಯಜ್ಞನಾರಾಯಣ ಮಯ್ಯರು ಯುರೋಪಿನ ಪ್ರವಾಸದಿಂದ ಮರಳಿದ ಮೇಲೆ ಶುಚಿತ್ವಕ್ಕೆ ಕಟ್ಟುನಿಟ್ಟು ತಂದರು, ಗಿರಾಕಿಗಳು ಅಡುಗೆಮನೆಯನ್ನು ಕಣ್ಣಾರೆ ನೋಡಲು ಅವಕಾಶ ಮಾಡಿಕೊಟ್ಟರು. ಮುಚ್ಚಿಡುವುದು ಇಲ್ಲವಾದಾಗ ಹೋಟೆಲಿನ ಮೇಲೆ ನಂಬಿಕೆ ಹುಟ್ಟುತ್ತದೆ. ಮಯ್ಯರು ಬಾಗಿಲು ತೆರೆದು ಮಾಡಿದ್ದನ್ನು ಬೋರ್ಡೇನ್ ಬರೆದು ಮಾಡಿದರು.

ಮೂರು ಚಾನೆಲ್ಲುಗಳು, ಹದಿನಾರು ವರ್ಷಗಳು

ಪುಸ್ತಕದ ಯಶಸ್ಸಿನ ಬೆನ್ನಿಗೇ ಟಿ.ವಿ. ಕರೆಯಿತು. 2002ರಲ್ಲಿ ಫುಡ್ ನೆಟ್‌ವರ್ಕ್‌ನಲ್ಲಿ ‘ಎ ಕುಕ್ಸ್ ಟೂರ್’ ಶುರುವಾಯಿತು. ನಿರ್ಮಾಪಕ ದಂಪತಿ ಕ್ರಿಸ್ ಕಾಲಿನ್ಸ್ ಮತ್ತು ಲಿಡಿಯಾ ಟೆನಾಲಿಯಾ ಸಣ್ಣ ಕ್ಯಾಮೆರಾಗಳೊಡನೆ ಜಪಾನ್, ವಿಯೆಟ್ನಾಂಗಳಿಗೆ ಅವರನ್ನು ಕರೆದೊಯ್ದರು. ಚಾನೆಲ್ಲಿಗೆ ಬೇಕಾಗಿದ್ದದ್ದು ಅಮೆರಿಕದೊಳಗಿನ ಸುಲಭ ವಿಷಯಗಳು. ಬೋರ್ಡೇನ್‌ಗೆ ಬೇಕಾಗಿದ್ದದ್ದು ಹೊರಗಿನ ಲೋಕ. ಎರಡು ವರ್ಷಕ್ಕೆ ಆ ಸಂಬಂಧ ಮುಗಿಯಿತು. 2005ರ ಜುಲೈಯಿಂದ 2012ರ ನವೆಂಬರ್ ತನಕ ಟ್ರಾವೆಲ್ ಚಾನೆಲ್‌ನಲ್ಲಿ ‘ನೋ ರಿಸರ್ವೇಷನ್ಸ್’ ನಡೆಯಿತು. 2013ರ ಏಪ್ರಿಲ್ 14ರಂದು ಸಿಎನ್‌ಎನ್ ವಾರ್ತಾವಾಹಿನಿಯಲ್ಲಿ ‘ಪಾರ್ಟ್ಸ್ ಅನ್‌ನೋನ್’ ಮ್ಯಾನ್ಮಾರ್‌ನಿಂದ ಆರಂಭವಾಯಿತು.

ಇವುಗಳಲ್ಲಿ ಅಡುಗೆಯ ಪಾಠ ಇರಲಿಲ್ಲ, ಹೋಟೆಲುಗಳಿಗೆ ಅಂಕವೂ ಇರಲಿಲ್ಲ. ನಿರೂಪಣೆಯ ಮಾತನ್ನು ಬೋರ್ಡೇನ್ ತಾವೇ ಬರೆಯುತ್ತಿದ್ದರು. ಇಷ್ಟವಾಗದ್ದನ್ನು ಇಷ್ಟವಾಗಲಿಲ್ಲ ಎನ್ನುತ್ತಿದ್ದರು. ಪ್ರವಾಸಿಗರಿಗೆಂದೇ ಹೂಡಿದ ನಾಟಕ ಕಂಡರೆ ನೋಡುಗರಿಗೆ ತಿಳಿಸಿಬಿಡುತ್ತಿದ್ದರು.

2006ರ ಜುಲೈಯಲ್ಲಿ ಲೆಬನಾನಿನ ಬೈರೂತ್‌ನಲ್ಲಿ ಚಿತ್ರೀಕರಣ ಶುರುವಾದ ಕೂಡಲೇ ಇಸ್ರೇಲ್ ಮತ್ತು ಹಿಜ್ಬುಲ್ಲಾ ನಡುವೆ ಯುದ್ಧ ಹೊತ್ತಿತು. ವಿಮಾನ ನಿಲ್ದಾಣದ ಮೇಲೆ ಬಾಂಬ್ ಬಿತ್ತು. ತಂಡ ದಿನಗಟ್ಟಲೆ ಹೋಟೆಲಿನಲ್ಲಿ ಸಿಕ್ಕಿಹಾಕಿಕೊಂಡು ಕೊನೆಗೆ ಅಮೆರಿಕದ ನೌಕಾಪಡೆಯ ಹಡಗಿನಲ್ಲಿ ಹೊರಬಂತು. ಊಟದ ಕಾರ್ಯಕ್ರಮ ಯುದ್ಧದ ದಾಖಲೆಯಾಗಿ ಎಮ್ಮಿ ಪ್ರಶಸ್ತಿಗೆ ನಾಮನಿರ್ದೇಶನ ಪಡೆಯಿತು. ಸುತ್ತಲಿನ ಬದುಕನ್ನು ಬಿಟ್ಟು ತಟ್ಟೆಯಲ್ಲಿರುವುದನ್ನಷ್ಟೇ ಹೇಳುವುದು ಸಾಧ್ಯವಿಲ್ಲ ಎಂಬ ನಂಬಿಕೆ ಅವರಲ್ಲಿ ಬಲವಾದದ್ದು ಅಲ್ಲಿಂದ. ಮುಂದೆ ಲಿಬಿಯಾ, ಕಾಂಗೋ, ಗಾಜಾ, ಇರಾನ್‌ಗಳಿಗೆ ಅವರು ಹೋದರು. ಗಾಜಾದ ಮನೆಗಳಲ್ಲಿ ಉಂಡು, ಅಲ್ಲಿನ ಜನರನ್ನು ಮನುಷ್ಯರನ್ನಾಗಿ ತೋರಿಸದ ಪರದೆಯ ಅನ್ಯಾಯದ ಬಗ್ಗೆ ಮಾತನಾಡಿದರು. ಇರಾನಿನ ಕಾರ್ಯಕ್ರಮದಲ್ಲಿ ಅವರು ಸಂದರ್ಶಿಸಿದ ಪತ್ರಕರ್ತ ಜೇಸನ್ ರೆಜಾಯನ್ 2014ರ ಜುಲೈಯಲ್ಲಿ ಬಂಧಿತರಾದಾಗ ಅವರ ಬಿಡುಗಡೆಗಾಗಿ ದನಿಯೆತ್ತಿದರು. ರೆಜಾಯನ್ ಹೊರಬಂದದ್ದು 2016ರ ಜನವರಿಯಲ್ಲಿ. ‘ಪಾರ್ಟ್ಸ್ ಅನ್‌ನೋನ್’ ಪೀಬಡಿ ಪ್ರಶಸ್ತಿಯನ್ನೂ ಹಲವು ಎಮ್ಮಿಗಳನ್ನೂ ಗಳಿಸಿತು.

2016ರ ಮೇ ತಿಂಗಳಲ್ಲಿ ವಿಯೆಟ್ನಾಂನ ಹನಾಯ್‌ನಲ್ಲಿ ಅಮೆರಿಕದ ಅಧ್ಯಕ್ಷ ಬರಾಕ್ ಒಬಾಮ ಅವರ ಜತೆ ಸಣ್ಣ ಹೋಟೆಲೊಂದರ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕುಳಿತು ಬೋರ್ಡೇನ್ ಬುನ್ ಚಾ ತಿಂದರು. ಸುಟ್ಟ ಹಂದಿಮಾಂಸ, ಅಕ್ಕಿಶಾವಿಗೆ, ಸೊಪ್ಪುಗಳ ಆ ಊಟಕ್ಕೆ ಇಬ್ಬರದೂ ಸೇರಿ ಆರು ಡಾಲರ್ ಬಿಲ್ಲಾಯಿತು, ಕಟ್ಟಿದವರು ಬೋರ್ಡೇನ್. ಹೋಟೆಲಿನವರು ಆ ಮೇಜನ್ನು ಮುಂದೆ ಗಾಜಿನ ಪೆಟ್ಟಿಗೆಯೊಳಗಿಟ್ಟರು.

ಜಗಳಗಳು, ಗೆದ್ದವೂ ಸೋತವೂ

ಬೋರ್ಡೇನ್ ಅವರ ನಿಷ್ಠುರತೆ ಹೆಚ್ಚಾಗಿ ತಿರುಗಿದ್ದು ಟಿ.ವಿ.ಯ ದೊಡ್ಡ ಹೆಸರುಗಳ ಕಡೆಗೆ. 2011ರ ಆಗಸ್ಟಿನಲ್ಲಿ ‘ಟಿ.ವಿ. ಗೈಡ್’ ಪತ್ರಿಕೆಗೆ ಕೊಟ್ಟ ಸಂದರ್ಶನದಲ್ಲಿ ಫುಡ್ ನೆಟ್‌ವರ್ಕ್‌ನ ಜನಪ್ರಿಯ ಅಡುಗೆಗಾರ್ತಿ ಪೌಲಾ ಡೀನ್ ಅವರನ್ನು ಕಟುವಾಗಿ ಟೀಕಿಸಿದರು. ಬೆಣ್ಣೆ, ಸಕ್ಕರೆ, ಕರಿದ ತಿಂಡಿಗಳನ್ನು ಮೊದಲೇ ಸ್ಥೂಲಕಾಯದಿಂದ ಬಳಲುವ ದೇಶಕ್ಕೆ ನಗುನಗುತ್ತ ಉಣಿಸುವುದು ಅಪಾಯ ಎಂಬುದು ಅವರ ವಾದ. ಡೀನ್ ಉತ್ತರ ಕೊಟ್ಟರು: ದುಬಾರಿ ಮಾಂಸ, ದುಬಾರಿ ವೈನ್ ಕೊಳ್ಳಲಾಗದ ಸಾಮಾನ್ಯ ಸಂಸಾರಗಳಿಗಾಗಿ ತಾನು ಅಡುಗೆ ಮಾಡುತ್ತೇನೆ ಎಂದರು. ‘ನ್ಯೂಯಾರ್ಕ್ ಟೈಮ್ಸ್’ನ ಹೋಟೆಲ್ ವಿಮರ್ಶಕರಾಗಿದ್ದ ಫ್ರಾಂಕ್ ಬ್ರೂನಿಯೂ ಬೋರ್ಡೇನ್ ಮಾತಿನಲ್ಲಿ ಮೇಲ್ವರ್ಗದ ತಾತ್ಸಾರ ಇದೆಯೆಂದು ಬರೆದರು.

2012ರ ಜನವರಿಯಲ್ಲಿ ಡೀನ್ ತಮಗೆ ಮೂರು ವರ್ಷಗಳಿಂದ ಸಕ್ಕರೆ ಕಾಯಿಲೆ ಇದೆಯೆಂದು ಬಹಿರಂಗಪಡಿಸಿದರು. ಅದರ ಜತೆಗೇ ಆ ಕಾಯಿಲೆಯ ಔಷಧ ತಯಾರಿಸುವ ಕಂಪನಿಯೊಂದರ ಪ್ರಚಾರಕ್ಕೂ ನಿಂತರು. ಅಷ್ಟು ವರ್ಷ ಕಾಯಿಲೆಯ ವಿಷಯ ಮುಚ್ಚಿಟ್ಟು ಅದೇ ಅಡುಗೆ ಕಲಿಸಿದ್ದು ಸರಿಯೇ ಎಂಬ ಪ್ರಶ್ನೆ ಆಗ ದೇಶದಾದ್ಯಂತ ಎದ್ದಿತು. ಈ ಜಗಳದಲ್ಲಿ ಎರಡೂ ಕಡೆ ಸತ್ಯವಿತ್ತು. ಬೋರ್ಡೇನ್ ಎತ್ತಿದ ಆರೋಗ್ಯದ ಪ್ರಶ್ನೆ ಸರಿಯಾಗಿತ್ತು. ಬಡವರ ಅಡುಗೆಯನ್ನು ಕೀಳಾಗಿ ಕಾಣಬಾರದೆಂಬ ಡೀನ್ ಪರದವರ ಮಾತೂ ಅಷ್ಟೇ ಸರಿಯಾಗಿತ್ತು.

ಮಾತು ಹೆಚ್ಚಾದಾಗ ತಿದ್ದಿಕೊಂಡ ಸಂದರ್ಭಗಳೂ ಇವೆ. ಎಮೆರಿಲ್ ಲಗಾಸೆ ಎಂಬ ಟಿ.ವಿ. ಬಾಣಸಿಗರನ್ನು ಮೊದಲ ಪುಸ್ತಕದಲ್ಲಿ ಗೇಲಿ ಮಾಡಿದ್ದ ಬೋರ್ಡೇನ್, ಅವರು ಕಷ್ಟದಿಂದ ಮೇಲೆ ಬಂದ ನಿಜವಾದ ಅಡುಗೆಯವರೆಂದು ತಿಳಿದ ಮೇಲೆ ಗೌರವದಿಂದ ಬರೆದರು. ಆಹಾರ ವಿಮರ್ಶೆಯ ದೃಷ್ಟಿಯಿಂದ ಇನ್ನೂ ಮುಖ್ಯವಾದದ್ದು ಮ್ಯಾರಿಲಿನ್ ಹ್ಯಾಗರ್ಟಿ ಅವರ ಪ್ರಸಂಗ. ಹ್ಯಾಗರ್ಟಿ ಉತ್ತರ ಡಕೋಟ ರಾಜ್ಯದ ಗ್ರಾಂಡ್ ಫೋರ್ಕ್ಸ್ ಎಂಬ ಸಣ್ಣ ಪಟ್ಟಣದ ಪತ್ರಿಕೆಯ ಅಂಕಣಗಾರ್ತಿಯಾಗಿದ್ದರು. 2012ರ ಮಾರ್ಚಿನಲ್ಲಿ ಊರಿಗೆ ಹೊಸತಾಗಿ ಬಂದ ‘ಆಲಿವ್ ಗಾರ್ಡನ್’ ಹೋಟೆಲಿನ ಬಗ್ಗೆ ಮೆಚ್ಚಿ ಬರೆದರು. ಅಮೆರಿಕದ ಊರೂರಲ್ಲೂ ಶಾಖೆಯಿರುವ ಅಂಥ ಹೋಟೆಲನ್ನು ವಿಮರ್ಶೆ ಮಾಡುವುದೇ ಎಂದು ನಗರಗಳ ಓದುಗರು ನಕ್ಕರು. ಆಗ ಹ್ಯಾಗರ್ಟಿಯವರಿಗೆ 85 ವರ್ಷ. ನಕ್ಕವರಲ್ಲಿ ತಾನೂ ಒಬ್ಬ ಎಂದು ಒಪ್ಪಿಕೊಂಡ ಬೋರ್ಡೇನ್ ಆಮೇಲೆ ಅವರ ಹಳೆಯ ಬರಹಗಳನ್ನು ಓದಿದರು. ಪ್ರಸಿದ್ಧ ವಿಮರ್ಶಕರು ಎಂದೂ ಕಾಲಿಡದ ಊರುಗಳಲ್ಲಿ ಜನ ನಿಜಕ್ಕೂ ಏನು ಉಣ್ಣುತ್ತಾರೆ ಎಂಬುದರ ದಾಖಲೆ ಅವು ಎಂದು ಗುರುತಿಸಿ, 2013ರಲ್ಲಿ ಹ್ಯಾಗರ್ಟಿಯವರ 128 ವಿಮರ್ಶೆಗಳನ್ನು ತಮ್ಮದೇ ಪುಸ್ತಕಮಾಲೆಯಲ್ಲಿ ಪ್ರಕಟಿಸಿದರು, ಮುನ್ನುಡಿಯನ್ನೂ ಬರೆದರು. ಸಣ್ಣ ಊರಿನ ಹೋಟೆಲೊಂದನ್ನು ಆ ಊರಿನ ಕಣ್ಣಿನಿಂದಲೇ ಅಳೆಯಬೇಕೆಂಬುದನ್ನು ಅವರು ಹಾಗೆ ಮನಗಂಡರು.

ಭಾರತದ ಊಟದ ಮುಂದೆ

ಬೋರ್ಡೇನ್ ಭಾರತಕ್ಕೆ ಹಲವು ಸಲ ಬಂದರು. ‘ನೋ ರಿಸರ್ವೇಷನ್ಸ್’ಗಾಗಿ 2006ರ ಸುಮಾರಿಗೆ ರಾಜಸ್ಥಾನ, ಕೋಲ್ಕತ್ತ, ಮುಂಬಯಿಗಳಲ್ಲಿ ಚಿತ್ರೀಕರಣ ನಡೆಯಿತು. 2010ರಲ್ಲಿ ಪ್ರಸಾರವಾದ ಕೇರಳದ ಕಂತಿನಲ್ಲಿ ಕೊಚ್ಚಿಯ ಕಡಲೂಟವನ್ನು ಉಂಡರು, ಚಲನಚಿತ್ರದ ಸೆಟ್ಟಿಗೆ ಹೋಗಿ ನಟ ಮಮ್ಮುಟ್ಟಿಯವರನ್ನು ಭೇಟಿಯಾದರು. 2014ರ ಏಪ್ರಿಲಿನಲ್ಲಿ ‘ಪಾರ್ಟ್ಸ್ ಅನ್‌ನೋನ್’ನ ಪಂಜಾಬ್ ಕಂತು ಬಂತು. ಅಮೃತಸರದ ಢಾಬಾಗಳು, ಸ್ವರ್ಣಮಂದಿರದ ಲಂಗರ್, ದೇಶವಿಭಜನೆಯ ಗಾಯ ಎಲ್ಲವೂ ಅದರಲ್ಲಿದ್ದುವು.

ಭಾರತ ಅವರ ಒಂದು ಹಳೆಯ ಅಭಿಪ್ರಾಯವನ್ನು ಅಲುಗಾಡಿಸಿತು. ಮೊದಲ ಪುಸ್ತಕದಲ್ಲಿ ಅವರು ಶಾಕಾಹಾರಿಗಳನ್ನು ಉಗ್ರವಾಗಿ ಹೀಗಳೆದಿದ್ದರು. ಅವರು ಕಂಡಿದ್ದ ಶಾಕಾಹಾರವೆಂದರೆ ಪಾಶ್ಚಾತ್ಯ ಹೋಟೆಲುಗಳಲ್ಲಿ ಮಾಂಸವನ್ನು ತೆಗೆದು ಉಳಿದ ತರಕಾರಿಯನ್ನು ಬೇಯಿಸಿ ಬಡಿಸಿದ ಸಪ್ಪೆ ತಟ್ಟೆ. ಭಾರತದಲ್ಲಿ ಶಾಕಾಹಾರ ತಾನೇ ಒಂದು ಪೂರ್ಣ ಅಡುಗೆಯಾಗಿ ಎದುರಾಯಿತು. ಹುಳಿ, ಖಾರ, ಒಗ್ಗರಣೆಯ ಪರಿಮಳ, ಗರಿಮುರಿ, ಮೃದು ಎಲ್ಲ ಒಂದೇ ಊಟದಲ್ಲಿ ಸಿಕ್ಕಿತು. ದಿನವೂ ಸಂತೋಷದಿಂದ ಮಾಂಸವಿಲ್ಲದೆ ಉಣ್ಣಬಹುದಾದ ಜಾಗ ಇದು ಎಂದು ಪಂಜಾಬಿನಲ್ಲಿ ಬಾಯ್ತುಂಬ ಒಪ್ಪಿಕೊಂಡರು. ಉಡುಪಿಯ ಊಟ, ಕುಂಬಳೆ ಸೀಮೆಯ ಸಾರು-ಮೇಲಾರಗಳನ್ನು ಉಂಡು ಬೆಳೆದವರಿಗೆ ಇದರಲ್ಲಿ ಆಶ್ಚರ್ಯವಿಲ್ಲ. ತನ್ನ ಹೆಸರಿಗೇ ಅಂಟಿಕೊಂಡಿದ್ದ ಅಭಿಪ್ರಾಯವೊಂದನ್ನು ಲಕ್ಷಾಂತರ ನೋಡುಗರ ಮುಂದೆ ಸಡಿಲಿಸಿಕೊಂಡದ್ದು ಮಾತ್ರ ವಿಮರ್ಶಕರಲ್ಲಿ ಅಪರೂಪದ ಗುಣ.

ಒಳಗಿನ ಕೆಲಸಗಾರರ ಪರ

ಬೋರ್ಡೇನ್ ಅವರ ಎಲ್ಲ ಬರಹಗಳ ತಳದಲ್ಲಿರುವ ವಿಷಯ ಅಡುಗೆಮನೆಯ ದುಡಿಮೆಗಾರರು. ನ್ಯೂಯಾರ್ಕಿನ ಫ್ರೆಂಚ್ ಹೋಟೆಲಿನಲ್ಲಿ ಫ್ರೆಂಚ್ ಅಡುಗೆ ಮಾಡುವವರು ಹೆಚ್ಚಾಗಿ ಮೆಕ್ಸಿಕೊ, ಎಕ್ವಡಾರ್ ಮುಂತಾದ ಕಡೆಗಳಿಂದ ಬಂದ ವಲಸೆಗಾರರು. ಪಾತ್ರೆ ತೊಳೆಯುವ ಕೆಲಸಕ್ಕೆ ಸೇರಿ, ನೋಡಿ ಕಲಿತು, ಒಲೆಯ ಮುಂದೆ ನಿಂತವರು. ಇವರಿಲ್ಲದಿದ್ದರೆ ಅಮೆರಿಕದ ಹೋಟೆಲುಗಳು ಒಂದೇ ರಾತ್ರಿಯಲ್ಲಿ ಮುಚ್ಚಬೇಕಾಗುತ್ತದೆ ಎಂದು ಅವರು ಮತ್ತೆ ಮತ್ತೆ ಹೇಳಿದರು. ಮೆಕ್ಸಿಕೊದ ಊಟವನ್ನು ಪ್ರೀತಿಸಿ ಮೆಕ್ಸಿಕೊದ ಮನುಷ್ಯರನ್ನು ದ್ವೇಷಿಸುವ ರಾಜಕೀಯವನ್ನು ಬಹಿರಂಗವಾಗಿ ಖಂಡಿಸಿದರು.

ಕರಾವಳಿಯ ಕನ್ನಡಿಗರಿಗೆ ಈ ಮಾತು ತಮ್ಮ ಮನೆಯ ಮಾತು. ಇಪ್ಪತ್ತನೆಯ ಶತಮಾನದಲ್ಲಿ ತುಳುನಾಡಿನಿಂದ ಹೊರಟ ಹುಡುಗರು ಮುಂಬಯಿಯ ಉಡುಪಿ ಹೋಟೆಲುಗಳಲ್ಲಿ ಹಗಲು ಕ್ಲೀನರ್ ಆಗಿ ದುಡಿದು, ರಾತ್ರಿ ಕನ್ನಡ ರಾತ್ರಿಶಾಲೆಗಳಲ್ಲಿ ಓದಿದರು. ಅವರಲ್ಲಿ ಕೆಲವರು ಸಪ್ಲೈಯರ್ ಆದರು, ಭಟ್ಟರಾದರು, ಮಾಲಕರಾದರು. ಮಾಟುಂಗದಲ್ಲಿ 1942ರಲ್ಲಿ ರಾಮ ನಾಯಕರು ಆರಂಭಿಸಿದ ಉಡುಪಿ ಶ್ರೀಕೃಷ್ಣ ಬೋರ್ಡಿಂಗಿನಂಥ ಸಂಸ್ಥೆಗಳು ಅಂಥ ದುಡಿಮೆಯಿಂದ ನಿಂತವು. ಮುಂದಿನ ತಲೆಮಾರಿಗೆ ದಾರಿ ಕೊಲ್ಲಿಯ ಕಡೆ ತಿರುಗಿತು. ಕಾಸರಗೋಡಿನಿಂದ ಚೆರ್ಕಳಕ್ಕೆ ಹೋಗುವ ಹೆದ್ದಾರಿಯಲ್ಲಿ ವಿದ್ಯಾನಗರ ಕಳೆದು ಸಿಗುವ ನಾಯ್ಮಾರ್ಮೂಲೆಯಂಥ ಊರುಗಳಿಂದ ಹೊರಟು ದುಬೈ, ಶಾರ್ಜಾ, ದೋಹಾಗಳ ಕೆಫೆಟೇರಿಯಾ, ಹೋಟೆಲು, ಬೇಕರಿಗಳಲ್ಲಿ ದುಡಿದವರಿದ್ದಾರೆ. ಪರೋಟ ಬಡಿದ, ಶವರ್ಮ ಕೊರೆದ, ಪಾತ್ರೆ ತೊಳೆದ ಆ ಕೈಗಳ ಸಂಪಾದನೆಯಿಂದ ಇಲ್ಲಿ ಮನೆಗಳು ಎದ್ದುವು, ಮಕ್ಕಳು ಓದಿದರು. ಟಿ.ವಿ.ಯ ಅಡುಗೆ ಕಾರ್ಯಕ್ರಮಗಳಲ್ಲಿ ಈ ಜನ ಕಾಣುವುದಿಲ್ಲ. ಇಂಥ ದುಡಿಮೆಗಾರರನ್ನು ಬೋರ್ಡೇನ್ ಹೆಸರು ಹಿಡಿದು ಕರೆದು ಪರದೆಗೆ ತಂದರು. ಅವರ ಮುಖ್ಯ ಕೊಡುಗೆಯೂ ಇದೇ.

ಕೊನೆಯ ವರ್ಷಗಳು

2010ರಲ್ಲಿ ಬಂದ ‘ಮೀಡಿಯಂ ರಾ’ ಎಂಬ ಪುಸ್ತಕದಲ್ಲಿ ಬೋರ್ಡೇನ್ ತಮ್ಮ ಹಳೆಯ ತೀರ್ಪುಗಳನ್ನು ತಾವೇ ಮರುಪರಿಶೀಲಿಸಿದರು. 2017ರ ಕೊನೆಯಲ್ಲಿ ಚಿತ್ರರಂಗ ಮತ್ತು ಹೋಟೆಲ್ ಉದ್ಯಮದ ಹೆಣ್ಣುಮಕ್ಕಳು ತಮಗಾದ ಲೈಂಗಿಕ ದೌರ್ಜನ್ಯದ ಬಗ್ಗೆ ಹೇಳತೊಡಗಿದಾಗ ಅವರ ಪರ ಗಟ್ಟಿಯಾಗಿ ನಿಂತರು. ಆರೋಪಕ್ಕೆ ಒಳಗಾದವರಲ್ಲಿ ತಮ್ಮ ಸ್ನೇಹಿತರಿದ್ದಾಗಲೂ ಸುಮ್ಮನಿರಲಿಲ್ಲ. ಅಡುಗೆಮನೆಯ ಒರಟು ಗಂಡಸುತನವನ್ನು ತನ್ನ ಮೊದಲ ಪುಸ್ತಕ ವೈಭವೀಕರಿಸಿತೇ, ಆ ಕಾರಣಕ್ಕೇ ಹೆಣ್ಣುಮಕ್ಕಳು ತನ್ನಲ್ಲಿ ದುಃಖ ಹೇಳಿಕೊಳ್ಳಲಿಲ್ಲವೇ ಎಂದು ಕೇಳಿಕೊಂಡು ವಿಷಾದ ವ್ಯಕ್ತಪಡಿಸಿದರು. ಹೆಸರು ತಂದುಕೊಟ್ಟ ಪುಸ್ತಕವನ್ನೇ ಹೀಗೆ ಪ್ರಶ್ನಿಸುವುದು ಸುಲಭದ ಮಾತಲ್ಲ.

ವರ್ಷದ ಬಹುಭಾಗ ಪ್ರವಾಸದಲ್ಲೇ ಕಳೆಯುತ್ತಿತ್ತು. ಎರಡು ಮದುವೆಗಳು ಮುರಿದಿದ್ದವು. ಎರಡನೆಯ ಹೆಂಡತಿಯಲ್ಲಿ 2007ರಲ್ಲಿ ಹುಟ್ಟಿದ ಮಗಳಿದ್ದಳು. 2018ರ ಜೂನಿನಲ್ಲಿ ‘ಪಾರ್ಟ್ಸ್ ಅನ್‌ನೋನ್’ ಚಿತ್ರೀಕರಣಕ್ಕಾಗಿ ಫ್ರಾನ್ಸಿನ ಆಲ್ಸೇಸ್ ಪ್ರಾಂತಕ್ಕೆ ಹೋಗಿದ್ದರು. ಜೂನ್ 8ರಂದು ಕೈಸರ್ಸ್‌ಬರ್ಗ್ ಎಂಬ ಊರಿನ ವಸತಿಗೃಹದಲ್ಲಿ ಅವರ ಸಾವು ಸಂಭವಿಸಿತು. ಅದು ಆತ್ಮಹತ್ಯೆಯೆಂದು ತನಿಖಾಧಿಕಾರಿಗಳು ತಿಳಿಸಿದರು. ಜತೆಗಿದ್ದ ಆಪ್ತಮಿತ್ರ, ಬಾಣಸಿಗ ಎರಿಕ್ ರಿಪೇರ್ ಮೊದಲು ಕಂಡವರು. ಹೊರಗಿನಿಂದ ತುಂಬಿದಂತೆ ಕಾಣುವ ಬದುಕಿನೊಳಗೂ ತಾಳಲಾಗದ ನೋವು ಇರಬಹುದು. ಅಂಥ ಹೊತ್ತಿನಲ್ಲಿ ಯಾರೊಡನೆಯಾದರೂ ಹೇಳಿಕೊಳ್ಳುವುದು ಜೀವ ಉಳಿಸುತ್ತದೆ. ಭಾರತದಲ್ಲಿ ಟೆಲಿ-ಮಾನಸ್‌ನ 14416 ಸಂಖ್ಯೆಗೆ ಯಾವ ಹೊತ್ತಿನಲ್ಲೂ ಕರೆ ಮಾಡಬಹುದು.

ಬೋರ್ಡೇನ್ ತೀರಿಕೊಂಡ ಮೇಲೂ ಅವರ ಕಾರ್ಯಕ್ರಮಕ್ಕೆ ಎಮ್ಮಿ ಪ್ರಶಸ್ತಿಗಳು ಬಂದವು. ಅವರು ಓದಿದ ಅಡುಗೆ ಕಾಲೇಜಿನಲ್ಲಿ ಅವರ ಹೆಸರಿನ ವಿದ್ಯಾರ್ಥಿವೇತನ ಸ್ಥಾಪನೆಯಾಯಿತು. ಗೆಳೆಯರಾದ ರಿಪೇರ್ ಮತ್ತು ಹೋಸೆ ಆಂದ್ರೇಸ್, ಬೋರ್ಡೇನ್ ಹುಟ್ಟಿದ ಜೂನ್ 25ನ್ನು ಬೋರ್ಡೇನ್ ದಿನವೆಂದು ಆಚರಿಸಲು ಕರೆಕೊಟ್ಟರು. 2021ರಲ್ಲಿ ಮಾರ್ಗನ್ ನೆವಿಲ್ ನಿರ್ದೇಶಿಸಿದ ‘ರೋಡ್‌ರನ್ನರ್’ ಸಾಕ್ಷ್ಯಚಿತ್ರ ಬಂತು. ಬೋರ್ಡೇನ್ ಬರೆದಿದ್ದ ಕೆಲವು ಸಾಲುಗಳನ್ನು ಅವರದೇ ದನಿಯಲ್ಲಿ ಕೃತಕ ಬುದ್ಧಿಮತ್ತೆಯಿಂದ ಓದಿಸಿದ್ದಕ್ಕೆ ಆ ಚಿತ್ರ ತೀವ್ರ ಟೀಕೆಗೆ ಒಳಗಾಯಿತು.

ಉಳಿಯುವ ಅಳತೆಗೋಲು

ಇಂದು ಮೊಬೈಲ್ ಹಿಡಿದ ಪ್ರತಿಯೊಬ್ಬರೂ ಹೋಟೆಲ್ ವಿಮರ್ಶಕರು. ಮಂಗಳೂರು, ಕಾಸರಗೋಡು, ಬೆಂಗಳೂರುಗಳ ಹೋಟೆಲುಗಳಿಗೆ ಕ್ಯಾಮೆರಾ ಒಯ್ಯುವವರಲ್ಲಿ ಕೆಲವರು ಪುಕ್ಕಟೆ ಊಟಕ್ಕೆ ಹೊಗಳುತ್ತಾರೆ, ಕೆಲವರು ನೋಡುಗರ ಸಂಖ್ಯೆಗಾಗಿ ತೆಗಳುತ್ತಾರೆ. ಒಂದು ನಿಮಿಷದ ವಿಡಿಯೋ ಒಂದು ಸಣ್ಣ ಹೋಟೆಲಿನ ವ್ಯಾಪಾರವನ್ನು ಏರಿಸಬಲ್ಲದು, ಮುಳುಗಿಸಲೂಬಲ್ಲದು. ಹೀಗಿರುವಾಗ ಬೋರ್ಡೇನ್ ಅವರ ಬದುಕಿನಿಂದ ಕೆಲವು ಅಳತೆಗಳನ್ನು ತೆಗೆದುಕೊಳ್ಳಬಹುದು. ಟೀಕಿಸುವ ಮೊದಲು ಆ ಅಡುಗೆ ಹೇಗೆ ಆಗುತ್ತದೆ, ಯಾರು ಮಾಡುತ್ತಾರೆ, ಯಾವ ಬೆಲೆಗೆ, ಯಾರಿಗಾಗಿ ಎಂದು ತಿಳಿಯಬೇಕು. ದೊಡ್ಡ ಬಂಡವಾಳದ ಹೋಟೆಲನ್ನೂ ಪ್ರಚಾರದ ಬಲವುಳ್ಳ ಟಿ.ವಿ. ತಾರೆಯನ್ನೂ ಅಳೆಯುವ ಬಿಗಿಯಲ್ಲಿ ಗೂಡಂಗಡಿಯ ಒಂಟಿ ದುಡಿಮೆಗಾರರನ್ನು ಅಳೆಯಬಾರದು. ಬಿಲ್ಲನ್ನು ತಾವೇ ಕಟ್ಟಬೇಕು. ಇನ್ನೊಬ್ಬರು ಕಟ್ಟಿದ್ದರೆ ಅದನ್ನು ನೋಡುಗರಿಗೆ ಹೇಳಬೇಕು. ಹೇಳಿದ್ದು ತಪ್ಪೆಂದು ತಿಳಿದಾಗ, ಹೇಳಿದಷ್ಟೇ ಗಟ್ಟಿಯಾಗಿ ತಿದ್ದಬೇಕು.

ಕನ್ನಡದಲ್ಲಿ ಅಡುಗೆಯ ಪುಸ್ತಕಗಳಿಗೂ ಕಾರ್ಯಕ್ರಮಗಳಿಗೂ ಕೊರತೆಯಿಲ್ಲ. ಊಟದ ಗುಣವನ್ನು, ಅದರ ಹಿಂದಿನ ದುಡಿಮೆಯನ್ನು, ಹೋಟೆಲಿನವರ ಪ್ರಾಮಾಣಿಕತೆಯನ್ನು ಹೆದರದೆ, ತಿಳಿದು, ನ್ಯಾಯವಾಗಿ ಚರ್ಚಿಸುವ ವಿಮರ್ಶೆ ಇನ್ನೂ ಬೆಳೆಯಬೇಕಾಗಿದೆ. ಅದನ್ನು ಬೆಳೆಸಬಲ್ಲವರು ಒಲೆಯ ಮುಂದೆ ನಿಂತು ಬೆವರಿಳಿಸಿದವರು. ಮುಂಬಯಿಯ, ಕೊಲ್ಲಿಯ, ಊರಿನ ಹೋಟೆಲುಗಳಲ್ಲಿ ದುಡಿದ ಅನುಭವವುಳ್ಳ ಅಂಥವರು ಕರಾವಳಿಯಲ್ಲಿ ಬೇಕಾದಷ್ಟಿದ್ದಾರೆ. ಅವರ ಮಾತಿಗೆ ಪತ್ರಿಕೆಗಳೂ ಚಾನೆಲ್ಲುಗಳೂ ಜಾಗ ಕೊಡಬೇಕು.